ಹತ್ತು ನಿಮಿಷದ ಬನ್ನು, ಎಂಬತ್ತು ನಿಮಿಷದ ನೀರು

ನ್ಯೂಯಾರ್ಕಿನ ಕೋನಿ ಐಲ್ಯಾಂಡಿನಲ್ಲಿ ಪ್ರತಿ ಜುಲೈ 4ರಂದು ನೇಥನ್ಸ್ ಕಂಪನಿಯ ಹಾಟ್ ಡಾಗ್ (ಬನ್ನಿನಲ್ಲಿಟ್ಟ ಮಾಂಸದ ಸಾಸೇಜು) ತಿನ್ನುವ ಸ್ಪರ್ಧೆ. ಅವಧಿ 10 ನಿಮಿಷ. ಇದರ ಮೇಲೆ ಒಂದೂವರೆ ಗಂಟೆಯ ಸಾಕ್ಷ್ಯಚಿತ್ರ ಮಾಡಹೊರಟವರು ಸ್ಪರ್ಧಿಗಳಿಂದಲೇ ಕಲಿಯಬೇಕು. ಅವರು ಬನ್ನನ್ನು ಸಾಸೇಜಿನಿಂದ ಬಿಡಿಸಿ, ನೀರಿಗೆ ಅದ್ದಿ, ಹಿಂಡಿ ನುಂಗುತ್ತಾರೆ. ನಿರ್ದೇಶಕರು ಅದ್ದಿದರೆ ಸಾಕು, ಹಿಂಡಬಾರದು.

ಮೊದಲು ಇತಿಹಾಸ ಅದ್ದಿ. ಯಾರು ಹೆಚ್ಚು ದೇಶಭಕ್ತರೆಂದು 1916ರಲ್ಲಿ ನಾಲ್ವರು ವಲಸಿಗರು ಜಗಳವಾಡಿ, ಹಾಟ್ ಡಾಗ್ ತಿಂದು ತೀರ್ಮಾನಿಸಿಕೊಂಡರಂತೆ. ಇದು ಕಟ್ಟುಕತೆ ಎಂದು ಸ್ಪರ್ಧೆಯ ಪ್ರಚಾರಕ ಮಾರ್ಟಿಮರ್ ಮ್ಯಾಟ್ಜ್ 2010ರಲ್ಲೇ ಒಪ್ಪಿಕೊಂಡಿದ್ದಾರೆ. ಇರಲಿ, ಕಪ್ಪುಬಿಳುಪು ಫೋಟೊ ಹಾಕಿ, ಹಿಂದೆ ಪಿಯಾನೊ ಬಾರಿಸಿ.

ಆಮೇಲೆ ವೀರಗಾಥೆ. 2001ರಲ್ಲಿ ಟಕೇರು ಕೊಬಯಾಶಿ 50 ತಿಂದು ಹಳೆಯ ದಾಖಲೆಯನ್ನು ಹೆಚ್ಚುಕಡಿಮೆ ಇಮ್ಮಡಿಸಿದರು. 2007ರಲ್ಲಿ ಜೋಯ್ ಚೆಸ್ಟ್‌ನಟ್ 66–63ರಿಂದ ಅವರನ್ನು ಸೋಲಿಸಿದರು. ಇಬ್ಬರನ್ನೂ ಕಿಟಕಿಯ ಪಕ್ಕ ಕೂರಿಸಿ ಆಕಾಶ ನೋಡಿಸಿ. ಹಸಿವಿಲ್ಲದೆ ತಿನ್ನುವವರ ಕಣ್ಣಲ್ಲಿ ಹಸಿವು ಕಾಣಿಸಬೇಕು, ಅದೇ ಕಷ್ಟ.

ಚಿತ್ರೀಕರಣಕ್ಕೆ ಎರಡನೇ ಟೇಕ್ ಇಲ್ಲ. ಕಾಲರ್ ಮೈಕ್ ಸಿಕ್ಕಿಸಬೇಡಿ: ತಿಂದದ್ದು ಕೆಳಗಿಳಿಯಲೆಂದು ಸ್ಪರ್ಧಿಗಳು ಮೈ ಕುಲುಕುತ್ತಾರೆ, ಬನ್ನಿನ ನೀರು ಎದೆಗೆ ಸುರಿಯುತ್ತದೆ, ಬಟ್ಟೆಯ ಸರಪರವಷ್ಟೇ ದಾಖಲಾಗುತ್ತದೆ. ಉದ್ದ ಕೋಲಿನ ಮೈಕನ್ನು ಮೇಲಿಂದ ಹಿಡಿಯಿರಿ. ಕ್ಯಾಮೆರಾ ಎದುರಿಗಿಟ್ಟರೆ ಲೆನ್ಸಿನ ಮೇಲೆ ಬ್ರೆಡ್ಡಿನ ಗಂಜಿ. ಓರೆಯಾಗಿಟ್ಟು, ಒರೆಸಲು ಒಬ್ಬನನ್ನು ನಿಲ್ಲಿಸಿ. ಎಣಿಕೆಯ ಫಲಕಕ್ಕೆ ಮೀಸಲು ಕ್ಯಾಮೆರಾ ಬೇಕೇ ಬೇಕು, ಇಲ್ಲದಿದ್ದರೆ ಸಂಕಲನದಲ್ಲಿ 40 ತಿಂದವನ ಮುಂದೆ 31 ಎಂದಿರುತ್ತದೆ. ಕೊನೆಕೊನೆಗೆ ದವಡೆ ಸೋತು ವೇಗ ತಾನಾಗಿ ಇಳಿಯುತ್ತದೆ. ಅದಕ್ಕೂ ಸ್ಲೋ ಮೋಷನ್ ಹಾಕಿದರೆ ಪ್ರೊಜೆಕ್ಟರ್ ಕೆಟ್ಟಿದೆಯೆಂದು ಪ್ರೇಕ್ಷಕರು ಏಳುತ್ತಾರೆ.

ವಾಂತಿಯಾದರೆ ಸ್ಪರ್ಧಿ ಅನರ್ಹ. ಆಯೋಜಕರ ಭಾಷೆಯಲ್ಲಿ ಅದಕ್ಕೆ ‘ಅದೃಷ್ಟದ ತಿರುವು’ ಎಂದು ಹೆಸರು. ಟ್ರೇಲರಿಗೆ ಅದು ಬೇಕು, ಪ್ರಾಯೋಜಕರಿಗೆ ಬೇಡ. ಹಾಗಾಗಿ ಮುಖ ಮಸುಕು, ಸದ್ದು ಪೂರ್ತಿ.

ವೈದ್ಯರಿಗೆ ನಲವತ್ತು ಸೆಕೆಂಡು ಧಾರಾಳ. ಪೆನ್ಸಿಲ್ವೇನಿಯಾ ವಿಶ್ವವಿದ್ಯಾಲಯದವರು 2007ರಲ್ಲಿ ಎಕ್ಸ್‌ರೇ ಹಿಡಿದು, ಇಂಥ ಸ್ಪರ್ಧಿಯ ಹೊಟ್ಟೆ ಸಡಿಲ ಚೀಲದಂತೆ ಹಿಗ್ಗುವುದನ್ನು ತೋರಿಸಿದರು. ಮುಂದೆ ಅದು ಕುಗ್ಗುವ ಶಕ್ತಿಯನ್ನೇ ಕಳೆದುಕೊಳ್ಳಬಹುದೆಂದರು. ಅಷ್ಟರಲ್ಲಿ ವಿಜೇತರ ಸಾಸಿವೆ ಬಣ್ಣದ ಬೆಲ್ಟಿನ ದೃಶ್ಯಕ್ಕೆ ಕಟ್ ಮಾಡಿ.

ಸಸ್ಯಜನ್ಯ ಮಾಂಸದ ಕಂಪನಿಯೊಂದಿಗೆ ಒಪ್ಪಂದ ಮಾಡಿಕೊಂಡದ್ದಕ್ಕೆ ಚೆಸ್ಟ್‌ನಟ್ 2024ರ ಕೋನಿ ಐಲ್ಯಾಂಡಿನಿಂದ ಹೊರಬಿದ್ದರು. ಸೆಪ್ಟೆಂಬರಿನಲ್ಲಿ ನೆಟ್‌ಫ್ಲಿಕ್ಸ್ ಅವರನ್ನೂ ಕೊಬಯಾಶಿಯನ್ನೂ ಲಾಸ್ ವೇಗಸ್ಸಿನಲ್ಲಿ ಎದುರುಬದುರು ನಿಲ್ಲಿಸಿತು: 83–66ರಿಂದ ಚೆಸ್ಟ್‌ನಟ್ ಗೆಲುವು. ಅಲ್ಲಿ ಬನ್ನನ್ನು ನೀರಿಗೆ ಅದ್ದುವಂತಿರಲಿಲ್ಲ. ನಿಯಮ ಸ್ಪರ್ಧಿಗಳಿಗೆ ಮಾತ್ರ, ಪ್ರಸಾರಕ್ಕಲ್ಲ.