ಮಾಯಾ ಜನ ನಿಜವಾಗ್ಲೂ ಮಾಯವಾದ್ರಾ? ಸತ್ಯಾಂಶ

"ಮಾಯಾ ಜನ ಕಾಡೆಲ್ಲಾ ಕಡಿದು, ಪ್ರಕೃತಿ ಶಾಪಕ್ಕೆ ಒಂದೇ ರಾತ್ರಿಲಿ ನಾಶ ಆದ್ರು" ಅಂತ ವಾಟ್ಸಾಪ್‌ನಲ್ಲಿ ಒಂದು ಫಾರ್ವರ್ಡ್ ಓಡಾಡ್ತಿದೆ. ಮಾಯಾ ಅಂದ್ರೆ ಮೆಕ್ಸಿಕೊ, ಮಧ್ಯ ಅಮೆರಿಕ ಕಡೆಯ ಮೂಲನಿವಾಸಿಗಳು. ಹೆಸರು ಮಾಯಾ ಅಂತಿದೆ ಅಷ್ಟೇ, ಜನ ಮಾಯ ಆಗಿಲ್ಲ ಮಾರಾಯ್ರೆ, ಗ್ವಾಟೆಮಾಲಾ, ಮೆಕ್ಸಿಕೊ, ಬೆಲೀಜ್ ಕಡೆ ಇವತ್ತಿಗೂ ಲಕ್ಷಗಟ್ಲೆ ಇದ್ದಾರೆ, ಅವರ ಭಾಷೆಗಳನ್ನೇ ಮಾತಾಡ್ತಾರೆ.

ಮಾಯಾ ನಾಡಿನ ದಕ್ಷಿಣದಲ್ಲಿ, ಈಗಿನ ಗ್ವಾಟೆಮಾಲಾದ ಟಿಕಾಲ್ ಥರದ ಊರುಗಳು 9-10ನೇ ಶತಮಾನದಲ್ಲಿ ಖಾಲಿ ಆಗಿದ್ದು ನಿಜ. ಆದ್ರೆ ಅದು ನಿಧಾನವಾಗಿ ಆಗಿದ್ದು, ಬರಗಾಲ ಇತ್ತು, ಯುದ್ಧ ಇತ್ತು, ಕಾಡು ಕಡಿದಿದ್ದೂ ಸೇರಿತ್ತು. ಅವರ ಕೊನೇ ರಾಜ್ಯ ಸ್ಪೇನ್‌ನವರ ಕೈಗೆ ಸಿಕ್ಕಿದ್ದು 1697ರಲ್ಲಿ!

ಹಾಗಂತ ಮಾಯಾ ಜನ ಪ್ರಕೃತಿ ಜೊತೆ ದೇವರಂಗೆ ಬಾಳಿದ್ರು ಅನ್ನೋದೂ ಅತಿಯಾಯ್ತು. ಕಾಡು ಸುಟ್ಟು ಮೆಕ್ಕೆಜೋಳ, ಬೀನ್ಸ್, ಕುಂಬಳ ಒಟ್ಟಿಗೆ ಬೆಳೆದು, ಕೆಲವು ವರ್ಷ ಆದ್ಮೇಲೆ ಆ ಜಾಗ ಮತ್ತೆ ಕಾಡಾಗ್ಲಿ ಅಂತ ಬಿಡೋರು, ಮಿಲ್ಪಾ ಅಂತಾರೆ ಅದಕ್ಕೆ.

ನಂಗೆ ಇಷ್ಟ ಆಗಿದ್ದು ಜೇನಿನ ವಿಷ್ಯ. ನಮ್ಮ ಮಲೆನಾಡಲ್ಲಿ ಮಿಸರಿ ಜೇನು ಇದ್ಯಲ್ಲ, ಅದೇ ಥರ ಚುಚ್ಚದ ಜೇನು ಮೆಕ್ಸಿಕೊದ ಯುಕಟಾನ್‌ನಲ್ಲೂ ಇದೆ, ಶುನಾನ್ ಕಾಬ್ ಅಂತ. ಮಾಯಾ ಜನ ಅದನ್ನ ಟೊಳ್ಳು ಮರದ ದಿಮ್ಮಿ ಒಳಗೆ ಸಾಕಿ ಎರಡೂ ತುದಿ ಮುಚ್ತಾರೆ, ಔಷಧಿಗೂ ಪೂಜೆಗೂ ಆ ತುಪ್ಪಾನೇ. ಅವರ ಹಳೇ ಚಿತ್ರಲಿಪಿ ಪುಸ್ತಕದಲ್ಲೂ ಈ ಜೇನು ಸಾಕಣೆ ಬರುತ್ತೆ, ಈಗ್ಲೂ ಕೆಲವು ಮನೆ ಹಿತ್ತಲಲ್ಲಿ ಆ ದಿಮ್ಮಿಗಳು ಸಾಲಾಗಿ ಕೂತಿರ್ತವೆ.