ಕಿತ್ತಳೆ ದೀಪ ಮತ್ತು ನಮ್ಮವ್ವ

ಮೂರು ತಿಂಗಳು ನಾನು ಒಂದು ಸಲವೂ ಆಟ ಮುಚ್ಚಿರಲಿಲ್ಲ. ಮುಚ್ಚಿದ್ದೇನೆ ಅಂದುಕೊಂಡಿದ್ದೆ, ಅಷ್ಟೇ.

ಅಕ್ಕನ ಮಗ ಇಂಜಿನಿಯರಿಂಗ್ ಓದೋಕೆ ಬೆಂಗಳೂರಿಗೆ ಹೋಗುವಾಗ ಟಿವಿಗೆ ಸಿಕ್ಕಿಸಿ ವಿಡಿಯೋ ಗೇಮ್ ಆಡುವ ತನ್ನ ಹಳೇ ಯಂತ್ರ ಪ್ಲೇಸ್ಟೇಷನ್ 4 ಅನ್ನು ನಮ್ಮ ಮನೆಯಲ್ಲಿ ಇಟ್ಟು ಹೋದ. ಹಾಸ್ಟೆಲ್‌ಗೆ ಒಯ್ದರೆ ಓದು ಹಾಳಾಗುತ್ತದೆ ಅಂತ ಅಕ್ಕನ ಭಯ. ನನ್ನ ಓದು ಹಾಳಾಗಿ ಮೂವತ್ತು ವರ್ಷ ಆಗಿದೆ, ಹಾಗಾಗಿ ನನ್ನ ಬಗ್ಗೆ ಯಾರಿಗೂ ಚಿಂತೆ ಇರಲಿಲ್ಲ. ವಿಜಯಪುರದಲ್ಲಿ ನನ್ನದೊಂದು ಬಟ್ಟೆ ಅಂಗಡಿ. ರಾತ್ರಿ ಒಂಬತ್ತಕ್ಕೆ ಶಟರ್ ಎಳೆದು ಮನೆಗೆ ಬಂದು, ಎರಡು ರೊಟ್ಟಿ, ಶೇಂಗಾ ಚಟ್ನಿ, ಒಂದಿಷ್ಟು ಮೊಸರು ಮುಗಿಸಿ, ಕ್ರಿಕೆಟ್ ಆಟ ಹಾಕಿಕೊಂಡು ಕೂತರೆ ಹತ್ತೂವರೆಯ ತನಕ ನಾನೇ ಕ್ಯಾಪ್ಟನ್. ಆಮೇಲೆ ಕಂಟ್ರೋಲರ್ ನಡುವೆ ಇರುವ ಪಿಎಸ್ ಗುಂಡಿ ಒತ್ತುತ್ತೇನೆ. ಮೈದಾನ ಮಾಯ, ಚೌಕ ಚೌಕ ಚಿತ್ರಗಳ ಸಾಲು ಬರುತ್ತದೆ. ಆಟ ಮುಚ್ಚಿತು ಅಂತ ಯಂತ್ರವನ್ನು ಅರೆನಿದ್ದೆಯ ರೆಸ್ಟ್ ಮೋಡ್‌ಗೆ ಹಾಕಿ ಮಲಗಿಬಿಡುವುದು.

ದೀಪಾವಳಿಗೆ ಬಂದ ಹುಡುಗ ಅದನ್ನು ಒಂದು ನಿಮಿಷ ನೋಡಿ ನನ್ನ ಕಡೆ ತಿರುಗಿದ. "ಮಾಮಾ, ಈ ಮ್ಯಾಚ್ ಯಾವಾಗಿಂದ ನಡದೈತಿ?"

"ಯಾವ ಮ್ಯಾಚು? ನಾ ದಿನಾ ಬಂದ್ ಮಾಡಿ ಮಲಗ್ತೀನಲ್ಲ."

ಅವನು ನಕ್ಕ ರೀತಿಗೆ ನನಗೆ ಸ್ವಲ್ಪ ಅವಮಾನವೇ ಆಯಿತು. ಪಿಎಸ್ ಗುಂಡಿ ಒತ್ತಿದರೆ ಆಟ ಮುಚ್ಚುವುದಿಲ್ಲವಂತೆ, ಹಿಂದಕ್ಕೆ ಸರಿಯುತ್ತದಂತೆ. ಮನೆಗೆ ದಿಢೀರ್ ಅಂತ ನೆಂಟರು ಬಂದಾಗ ಮಂಚದ ಮೇಲಿನ ಬಟ್ಟೆ ರಾಶಿಗೆ ಚಾದರ ಹೊದಿಸುತ್ತೇವಲ್ಲ, ಹಾಗೆ. ಬಟ್ಟೆ ಮಡಚಿಟ್ಟ ಹಾಗೆ ಕಾಣುತ್ತದೆ, ಆದರೆ ಮಡಚಿರುವುದಿಲ್ಲ. ನಿಜವಾಗಿ ಮುಚ್ಚಬೇಕು ಅಂದರೆ ಆ ಆಟದ ಚಿತ್ರದ ಮೇಲೆ ಹೋಗಿ ನಿಲ್ಲಬೇಕು, ಕಂಟ್ರೋಲರ್‌ನ ಬಲಗಡೆಯ ಸಣ್ಣ ಆಪ್ಷನ್ಸ್ ಗುಂಡಿ ಒತ್ತಬೇಕು, ಪಕ್ಕದಲ್ಲಿ ಬರುವ ಪಟ್ಟಿಯಲ್ಲಿ ಕ್ಲೋಸ್ ಅಪ್ಲಿಕೇಶನ್ ಅಂತ ಇರುವುದನ್ನು ಆರಿಸಬೇಕು, ಆಮೇಲೂ ಅದು ಒಂದು ಸಲ ಖಾತ್ರಿ ಮಾಡಿಕೊಳ್ಳುತ್ತದೆ. ನನಗೆ ಈ ಖಾತ್ರಿ ಮಾಡಿಕೊಳ್ಳುವುದು ಹಿಡಿಸಿತು. ಗಿರಾಕಿ ಎದ್ದು ಹೊರಟಾಗ ನಾವೂ ಒಂದು ಸಲ ಕೇಳುತ್ತೇವೆ, "ಮತ್ತೇನೂ ಬ್ಯಾಡೇನ್ರಿ?"

ಬೇರೆ ಆಟ ಹಾಕಿದ್ದರೆ ನನಗೆ ಮೊದಲೇ ಗೊತ್ತಾಗುತ್ತಿತ್ತು. ಈ ಯಂತ್ರದಲ್ಲಿ ಒಂದು ಸಲಕ್ಕೆ ಒಂದೇ ಆಟ. ಎರಡನೆಯದು ಹಾಕಲು ಹೋದರೆ, ಮೊದಲಿನದು ಮುಚ್ಚುತ್ತೇನೆ, ನಡೆದೀತಾ ಅಂತ ಅದೇ ಕೇಳುತ್ತದೆ. ಆದರೆ ನಾನು ಒಂದೇ ಆಟದ ಮನುಷ್ಯ. ಹೆಂಡತಿ ಇದನ್ನು ಕೇಳಿ ಏನೋ ಅಂದಳು, ಬರೆಯುವುದಿಲ್ಲ.

ಇಷ್ಟಕ್ಕೂ ಮುಚ್ಚುವುದು ನಮ್ಮ ಮನೆತನದಲ್ಲೇ ಇಲ್ಲ. ನಾನು ರಾತ್ರಿ ಬಂದು "ಅಂಗಡಿ ಮುಚ್ಚಿ ಬಂದೆ" ಅಂದರೆ ಅವ್ವ ಈಗಲೂ ಸಿಟ್ಟಾಗುತ್ತಾಳೆ. "ಮುಚ್ಚಿ ಬಂದೆ ಅನಬ್ಯಾಡೋ. ನಾಳೆ ತೆಗಿಯೂದಿಲ್ಲೇನು?" ಪಕ್ಕದ ಅಂಗಡಿಯ ಚಾಚಾನೂ ಅದೇ ಜಾತಿ. ಅವರು ಕೆಲಸದ ಹುಡುಗನಿಗೆ ದುಕಾನ್ ಬಂದ್ ಮಾಡು ಅನ್ನುವುದಿಲ್ಲ, "ದುಕಾನ್ ಬಢಾದೋ" ಅನ್ನುತ್ತಾರೆ. ಬೆಳೆಸು ಅಂತ ಅರ್ಥ. ಶಟರ್ ಕೆಳಗೆ ಬರುತ್ತದೆ, ಮಾತು ಮೇಲೆ ಹೋಗುತ್ತದೆ. ಮನೆಯಿಂದ ಹೊರಡುವವರು ಹೋಗ್ತೀನಿ ಅನ್ನಬಾರದು, ಬರ್ತೀನಿ ಅನ್ನಬೇಕು. ಬಳೆ ಒಡೆಯುವುದಿಲ್ಲ, ಹೆಚ್ಚಾಗುತ್ತದೆ. ಡಬ್ಬಿಯಲ್ಲಿ ಅಕ್ಕಿ ಖಾಲಿ ಆಗಿದ್ದರೂ ಹೆಚ್ಚಾಗಿದೆ ಅಂತಲೇ ಹೇಳಬೇಕು, ಇದನ್ನು ನಂಬಿ ಕಿರಾಣಿ ತರದೆ ಬಂದು ಹೊಸ ಅಳಿಯಂದಿರು ಬೈಸಿಕೊಂಡದ್ದೂ ಇರಬಹುದು. ಎಲ್ಲಕ್ಕಿಂತ ಮುಖ್ಯ ದೇವರ ಮುಂದಿನ ದೀಪ. ಚಿಕ್ಕವನಿದ್ದಾಗ ನಾನೊಮ್ಮೆ "ದೀಪ ಆರಿಸಲೇನು?" ಅಂತ ಕೇಳಿ ತಲೆ ಮೇಲೆ ಮೊಟಕಿಸಿಕೊಂಡಿದ್ದೇನೆ. "ಆರಸೂದು ಅಂತಾರೇನು? ದೊಡ್ಡದು ಮಾಡ್ಲೇನು ಅನ್ನು." ದೀಪ ನಂದಿಸುವುದಕ್ಕೆ ದೊಡ್ಡದು ಮಾಡುವುದು ಅನ್ನುವ ಮಂದಿ ನಾವು. ನಮ್ಮ ಕೈಗೆ ಕ್ಲೋಸ್ ಅಪ್ಲಿಕೇಶನ್ ಕೊಟ್ಟರೆ ಹೇಗೆ?

ಊರೂ ಹಾಗೇ ಇದೆ. ಹೊರಗಿನಿಂದ ಬಂದವರೆಲ್ಲ ಗೋಳಗುಮ್ಮಟಕ್ಕೆ ಓಡುತ್ತಾರೆ, ಓಡಲಿ. ನನಗೆ ಇಷ್ಟ ಬಾರಾ ಕಮಾನ್. ಎರಡನೇ ಅಲಿ ಆದಿಲ್ ಶಾ ತನ್ನ ಗೋರಿಗೆ ಅಂತ ಶುರು ಮಾಡಿದ್ದು. ಅವನು 1672ರಲ್ಲಿ ತೀರಿಕೊಂಡ, ಕಟ್ಟಡ ಪೂರ್ತಿ ಆಗಲೇ ಇಲ್ಲ. ಕಪ್ಪು ಕಲ್ಲಿನ ಕಮಾನುಗಳು ನಿಂತಿವೆ, ಮೇಲೆ ಗುಮ್ಮಟ ಇಲ್ಲ, ಬರೀ ಆಕಾಶ. ಮುನ್ನೂರೈವತ್ತು ವರ್ಷ ಆಯಿತು, ಯಾರೋ ಪಿಎಸ್ ಗುಂಡಿ ಒತ್ತಿ ಎದ್ದು ಹೋದ ಹಾಗೆ ಇದೆ. ಸಂಜೆ ಅಲ್ಲಿ ಹುಲ್ಲಿನ ಮೇಲೆ ಕೂತವರನ್ನು ನೋಡಿ, ಪೂರ್ತಿ ಆಗಿದ್ದರೆ ಇಷ್ಟು ಗಾಳಿ ಬರುತ್ತಿರಲಿಲ್ಲ.

ಊರಿನ ಹೆಸರನ್ನೇ ತೆಗೆದುಕೊಳ್ಳಿ. 2014ರ ನವೆಂಬರ್ 1ಕ್ಕೆ ಬಿಜಾಪುರ ಹೋಗಿ ವಿಜಯಪುರ ಬಂತು. ಈ ಪ್ಲೇಸ್ಟೇಷನ್ 4 ಭಾರತಕ್ಕೆ ಬಂದದ್ದೂ ಅದೇ ವರ್ಷದ ಜನವರಿಯಲ್ಲಿ. ನಾನು ಬೋರ್ಡು ಬದಲಿಸಿದೆ, ಬಿಲ್ ಬುಕ್ ಬದಲಿಸಿದೆ. ಆದರೆ ಬಸ್ಸಿನಲ್ಲಿ ಯಾರಾದರೂ ಯಾವೂರು ಅಂತ ಕೇಳಿದರೆ ಬಾಯಿಗೆ ಬಿಜಾಪುರವೇ ಬರುತ್ತದೆ. ಹಳೇದು ಹಿಂದೆ ಓಡುತ್ತಲೇ ಇದೆ. ನಮ್ಮ ಓಣಿಯ ನಲ್ಲಿಗಳೂ ಹಾಗೇ. ನೀರು ದಿನಾ ಬರುವುದಿಲ್ಲ, ಬಂದಾಗ ಕೊಡದಲ್ಲಿ ಸದ್ದಾಗಿ ಎಚ್ಚರ ಆಗಲಿ ಅಂತ ನಲ್ಲಿ ತೆರೆದೇ ಮಲಗುತ್ತೇವೆ. ಅದೂ ರೆಸ್ಟ್ ಮೋಡ್ ಅಲ್ವಾ?

ನಾವು ಸಣ್ಣವರಿದ್ದಾಗ ಆಟ ಮುಚ್ಚುವುದು ಅಂತ ಬೇರೆ ಕೆಲಸವೇ ಇರಲಿಲ್ಲ. ತೊಂಬತ್ತರ ದಶಕದಲ್ಲಿ ಟಿವಿಗೆ ಸಿಕ್ಕಿಸುವ ಆ ವಿಡಿಯೋ ಗೇಮ್, ಜಪಾನಿನಲ್ಲಿ 1983ರಲ್ಲಿ ಬಂದ ನಿಂಟೆಂಡೊ ಯಂತ್ರದ ನಕಲು ಅಂತ ಆಗ ನಮಗೆಲ್ಲಿ ಗೊತ್ತು, ಹಳದಿ ಕ್ಯಾಸೆಟ್ ಹಾಕುವುದು, ಬರದಿದ್ದರೆ ತೆಗೆದು ಉಫ್ ಅಂತ ಊದುವುದು, ಮತ್ತೆ ಹಾಕುವುದು. ಊದಿದ್ದರಿಂದ ಏನೂ ಆಗುತ್ತಿರಲಿಲ್ಲವಂತೆ, ತೆಗೆದು ಹಾಕಿದ್ದಕ್ಕೇ ಸರಿಹೋಗುತ್ತಿತ್ತಂತೆ. ಇರಲಿ, ಊದಿದ ಸುಖ ನಮ್ಮದು. ಗುಂಡಿ ಒತ್ತಿದರೆ ಆಟ ಸತ್ತಿತು, ನಾಳೆ ಮೊದಲಿನಿಂದ. ಆಮೇಲೆ ಪ್ಲೇಸ್ಟೇಷನ್ 2 ಇಟ್ಟ ಪಾರ್ಲರ್‌ಗಳು ಬಂದವು. ಗಂಟೆ ಲೆಕ್ಕದ ದುಡ್ಡು. ಆಟವನ್ನು ಉಳಿಸಿಕೊಳ್ಳಲು 8 ಎಂಬಿಯ ಒಂದು ಮೆಮೊರಿ ಕಾರ್ಡ್, ಇವತ್ತು ಮೊಬೈಲ್‌ನಲ್ಲಿ ಎರಡು ಫೋಟೋ ತೆಗೆದರೆ ಅಷ್ಟಾಗುತ್ತದೆ. ಅದನ್ನು ಜೇಬಿನಲ್ಲಿ ಇಟ್ಟುಕೊಂಡು ಓಡಾಡುವವನು ಶ್ರೀಮಂತ. ನಮ್ಮಂಥವರಿಗೆ ಕೊನೆಯ ಐದು ನಿಮಿಷ ಮಾಲೀಕನ ಕೈ ನೋಡುವುದೇ ಕೆಲಸ. ಅವನು ಗೋಡೆಯ ಗಡಿಯಾರ ನೋಡಿ "ಟೈಮ್ ಆತು" ಅಂದು ಬೆರಳು ಚಾಚಿದ ಅಂದರೆ ಮುಗಿಯಿತು. ಅವನು ಎಂದೂ ಖಾತ್ರಿ ಮಾಡಿಕೊಳ್ಳಲಿಲ್ಲ.

ಹಿಂದೆ ಓಡುತ್ತಿದ್ದರೆ ಯಂತ್ರಕ್ಕೆ ಏನು ಕಷ್ಟ ಅಂತ ಹುಡುಗನನ್ನು ಕೇಳಿದೆ. ಅವನು ರ‍್ಯಾಮ್, ಜಿಬಿ ಅಂತ ಶುರು ಮಾಡಿದ, ನಾನು ಅದನ್ನು ಅಂಗಡಿಯ ಭಾಷೆಗೆ ಇಳಿಸಿಕೊಂಡೆ. ರ‍್ಯಾಮ್ ಅಂದರೆ ಬಾಯಿಲೆಕ್ಕ. ಹಾರ್ಡ್ ಡಿಸ್ಕ್ ಅಂದರೆ ಕೀರ್ದಿ ಪುಸ್ತಕ. ಆಟ ನಡೆದಿರುವಾಗ ಯಾರು ಎಲ್ಲಿ ನಿಂತಿದ್ದಾರೆ, ಚೆಂಡು ಎಲ್ಲಿದೆ, ಎಷ್ಟು ರನ್ನು, ಎಲ್ಲ ಬಾಯಿಲೆಕ್ಕದಲ್ಲಿ ಇರುತ್ತದೆ. ಸೇವ್ ಮಾಡಿದಾಗ ಬೇಕಾದಷ್ಟು ಕೀರ್ದಿಗೆ ಇಳಿಯುತ್ತದೆ. ಪ್ಲೇಸ್ಟೇಷನ್ 4ರ ಬಾಯಿಲೆಕ್ಕಕ್ಕೆ ಇರುವುದು 8 ಜಿಬಿ ಜಾಗ, ಅದರಲ್ಲೂ ಒಂದು ಪಾಲು ಯಂತ್ರದ ಸ್ವಂತ ಖರ್ಚಿಗೆ ಹೋಗುತ್ತದೆ, ಅದಕ್ಕೇ ಎರಡು ಆಟಕ್ಕೆ ಜಾಗ ಇಲ್ಲ. ರೆಸ್ಟ್ ಮೋಡ್‌ನಲ್ಲಿ ಉಳಿದದ್ದೆಲ್ಲ ನಿದ್ದೆ ಹೋಗುತ್ತದೆ, ಬಾಯಿಲೆಕ್ಕ ಮಾತ್ರ ಮರೆಯದ ಹಾಗೆ ಅದಕ್ಕೆ ಸ್ವಲ್ಪ ಸ್ವಲ್ಪ ಕರೆಂಟು ಹರಿಯುತ್ತಿರುತ್ತದೆ. ಆಗ ಯಂತ್ರದ ಮೇಲೆ ಒಂದು ಗೆರೆಯಷ್ಟು ಕಿತ್ತಳೆ ದೀಪ. ಈ ಅನುಕೂಲವೂ ಮೊದಲಿನಿಂದ ಇರಲಿಲ್ಲ, 2015ರ ಮಾರ್ಚ್‌ನಲ್ಲಿ ಬಂದ ಅಪ್‌ಡೇಟ್‌ನಿಂದ ಸಿಕ್ಕಿದ್ದು.

ಅವನ ಗೆಳೆಯನ ಹತ್ತಿರ 2020ರಲ್ಲಿ ಬಂದ ಬೇರೆ ಕಂಪನಿಯ ಯಂತ್ರ ಎಕ್ಸ್‌ಬಾಕ್ಸ್ ಸೀರೀಸ್ ಎಸ್ ಇದೆಯಂತೆ. ಅದು ಬಾಯಿಲೆಕ್ಕವನ್ನೇ ಎತ್ತಿ ಕೀರ್ದಿಯಲ್ಲಿ ಬರೆದಿಟ್ಟುಬಿಡುತ್ತದೆ. ಒಂದಲ್ಲ, ಹಲವು ಆಟ. ಪ್ಲಗ್ ಕಿತ್ತು ಮತ್ತೆ ಹಾಕಿದರೂ ಬಿಟ್ಟಲ್ಲಿಂದಲೇ ಶುರು. ಕ್ವಿಕ್ ರೆಸ್ಯೂಮ್ ಅನ್ನುತ್ತಾರೆ. ನಮ್ಮ ಅವ್ವನಂಥವರು ಇರುವ ಮನೆಗೆ ಹೇಳಿ ಮಾಡಿಸಿದ್ದು, ಅದು ಯಾಕೆ ಅಂತ ಮುಂದೆ ಹೇಳುತ್ತೇನೆ.

ಹಾಗಂತ ದಿನಾ ಮುಚ್ಚಲೇಬೇಕು ಅಂತೇನೂ ಇಲ್ಲ. ನನ್ನ ಹೆಂಡತಿ ಮೊಬೈಲ್‌ನಲ್ಲಿ ಇದೇ ಚಟಕ್ಕೆ ಬಿದ್ದಿದ್ದಾಳೆ. ಜೋಳ ಹಸನು ಮಾಡುವವರು ಮೊರದಲ್ಲಿ ಹೊಟ್ಟು ಹಾರಿಸುವ ಹಾಗೆ ಹೆಬ್ಬೆರಳಿನಿಂದ ಆಪ್‌ಗಳನ್ನು ಒಂದೊಂದಾಗಿ ಮೇಲಕ್ಕೆ ಹಾರಿಸುತ್ತಾಳೆ. ಬ್ಯಾಟರಿ ಉಳಿಯುತ್ತದಂತೆ. ಹಿಂದೆ ಹೋದ ಆಪ್ ಬಹುಪಾಲು ಮಲಗಿಯೇ ಇರುತ್ತದೆ, ಅದನ್ನು ಹೊರದಬ್ಬಿ ಮತ್ತೆ ಮೊದಲಿನಿಂದ ಎಬ್ಬಿಸುವುದಕ್ಕೇ ಜಾಸ್ತಿ ಕರ್ಚು. ಹೇಳಿ ನೋಡಿದೆ. ನೀನು ಮೊದಲು ನಿನ್ನ ಮ್ಯಾಚ್ ಮುಗಿಸು ಅಂದಳು.

ಆಟ ಮುಚ್ಚಲೇಬೇಕಾದ ಹೊತ್ತೂ ಇವೆ. ಆಟಕ್ಕೆ ಅಪ್‌ಡೇಟ್ ಬಂದರೆ ಮುಚ್ಚದೆ ಅದು ಕೂರುವುದಿಲ್ಲ, ಬಾಡಿಗೆದಾರ ಮನೆಯೊಳಗೆ ಇರುವಾಗ ಸುಣ್ಣ ಹೊಡೆಯೋಕೆ ಆಗುತ್ತದಾ? ಇಂಟರ್ನೆಟ್‌ನಲ್ಲಿ ಬೇರೆಯವರ ಜೊತೆ ಆಡುವ ಆಟವನ್ನು ಹೀಗೆ ಮಲಗಿಸಿ ಉಪಯೋಗವಿಲ್ಲ, ಸಂಪರ್ಕ ಕಡಿದುಹೋಗುತ್ತದೆ, ಆ ಕಡೆಯವನು ನಿಮ್ಮ ಊಟ ಆಗಲಿ ಅಂತ ಕಾಯುವುದಿಲ್ಲ. ಇನ್ನು ಕೆಲವು ಆಟಗಳು ದಿನಗಟ್ಟಲೆ ಓಡಿ ಓಡಿ ತಲೆ ಕೆಡಿಸಿಕೊಳ್ಳುತ್ತವೆ. ನನ್ನದೂ ಒಮ್ಮೆ ಹಾಗಾಯಿತು. ಫೀಲ್ಡರ್ ಚೆಂಡು ಹಿಡಿಯದೆ ಸುಮ್ನೆ ನಿಂತ. ಆಮೇಲೆ ಎಲ್ಲರೂ ನಿಂತರು. ಸಿಇ-34878-0 ಅಂತ ಒಂದು ನಂಬರ್ ತೋರಿಸಿ ಆಟ ತಾನೇ ಮುಚ್ಚಿಕೊಂಡಿತು. ಮೇ ತಿಂಗಳ ಸೆಖೆ, ಹೊರಗೆ ನಲವತ್ತು ಡಿಗ್ರಿ, ಒಳಗೆ ಯಂತ್ರದ ಫ್ಯಾನು ಹಿಟ್ಟಿನ ಗಿರಣಿಯ ಹಾಗೆ ಕೂಗುತ್ತಿತ್ತು. ಆಟದ ಮೇಲೆ ಸಿಟ್ಟು ಬರಲಿಲ್ಲ. ನನಗೂ ಆ ಮಧ್ಯಾಹ್ನ ಹಾಗೇ ಅನಿಸಿತ್ತು.

ಈಗ ಅವ್ವನ ವಿಷಯ.

ಅವ್ವನಿಗೆ ಎಪ್ಪತ್ತೆಂಟು. ಮಲಗುವ ಮುಂಚೆ ಮನೆಯಲ್ಲಿ ಒಂದು ಸುತ್ತು ಹಾಕುವುದು ಅವಳ ರೂಢಿ. ಗ್ಯಾಸ್, ಹಿಂದಿನ ಬಾಗಿಲ ಚಿಲಕ, ಮೋಟರ್ ಬಟನ್. ಫ್ರಿಜ್ ಒಂದನ್ನು ಬಿಟ್ಟು ಗೋಡೆ ಮೇಲೆ ಕಣ್ಣಿಗೆ ಬಿದ್ದ ಎಲ್ಲ ಸ್ವಿಚ್ಚುಗಳೂ ಆಫ್. ಕಣ್ಣಿನ ಪೊರೆ ಇದ್ದಷ್ಟು ದಿನ ಟಿವಿ ಹಿಂದಿನ ಆ ಸಣ್ಣ ಕಿತ್ತಳೆ ದೀಪ ಅವಳಿಗೆ ಕಂಡಿರಲಿಲ್ಲ. ಆಪರೇಷನ್ ಚೆನ್ನಾಗಿ ಆಯಿತು. ಹಸಿರು ಪಟ್ಟಿ ಬಿಚ್ಚಿದ ಮೂರನೇ ದಿನಕ್ಕೆ ಅವ್ವನಿಗೆ ಮೂಲೆಯ ಜೇಡರ ಬಲೆ ಕಂಡಿತು, ನನ್ನ ಅಂಗಿ ಕಾಲರಿನ ಮಾಸು ಕಂಡಿತು, ಆ ದೀಪವೂ ಕಂಡಿತು.

ಅವತ್ತು ನನ್ನದು ಟೆಸ್ಟ್ ಮ್ಯಾಚಿನ ಕೊನೇ ದಿನ. ಹನ್ನೊಂದು ರಾತ್ರಿಗಳಿಂದ ಆಡುತ್ತಾ ಬಂದದ್ದು. ಗೆಲ್ಲಲು ಮೂವತ್ತೆಂಟು ರನ್ನು, ಕೈಯಲ್ಲಿ ಮೂರು ವಿಕೆಟ್, ನಾನು ನೂರಾ ನಲವತ್ತಮೂರು. ನಿದ್ದೆ ಬಂತು. ಆಟ ಹಿಂದೆ ಸರಿಸಿ ಮಲಗಿದೆ. ಸೇವ್ ಮಾಡಿರಲಿಲ್ಲ, ಯಾಕೆ ಅಂತ ಕೇಳಬೇಡಿ, ಮೂರು ತಿಂಗಳ ಧೈರ್ಯ.

ಬೆಳಿಗ್ಗೆ ಯಂತ್ರ ಹಚ್ಚಿದರೆ ನನ್ನನ್ನು ಸರಿಯಾಗಿ ಆಫ್ ಮಾಡಿಲ್ಲ ಅಂತ ದೂರು ಹೇಳಿತು, ಆಮೇಲೆ ತನ್ನ ಡಿಸ್ಕನ್ನೆಲ್ಲ ಒಂದು ಸಲ ತಡವಿ ನೋಡಿಕೊಂಡಿತು. ಆಟ ತೆಗೆದರೆ ಮೂರನೇ ದಿನದ ಚಹಾ ವಿರಾಮದ ಹೊತ್ತಿಗೆ ಹೋಗಿ ನಿಂತಿದ್ದೆ. ಹನ್ನೆರಡು ರನ್ನು. ಹೊಸ ಚೆಂಡು.

"ಯಾರು ಸ್ವಿಚ್ ಆಫ್ ಮಾಡಿದ್ದು?"

"ನಾನss," ಅಂದಳು ಅವ್ವ ಅಡಿಗೆ ಮನೆಯಿಂದ. "ರಾತ್ರಿ ಎಲ್ಲಾ ದೀಪಾ ಉರಿಯಾಕತ್ತಿತ್ತು. ದೊಡ್ಡದು ಮಾಡಿದೆ."

ಏನು ಹೇಳುವುದು? ಎದುರು ಕೂರಿಸಿಕೊಂಡು ಬಾಯಿಲೆಕ್ಕ, ಕೀರ್ದಿ, ಕಿತ್ತಳೆ ದೀಪ ಎಲ್ಲ ಹೇಳಿದೆ. ಅವ್ವ ಬಳ್ಳೊಳ್ಳಿ ಸುಲಿಯುತ್ತಾ ಪೂರ್ತಿ ಕೇಳಿದಳು. ಕೊನೆಗೆ, "ಅಷ್ಟ ನೆನಪ ಇಟಗೋಬೇಕಂದ್ರ ಬರದ ಇಡಬೇಕಪಾ. ನಿಮ್ಮಪ್ಪ ಚಾದ ಲೆಕ್ಕಾನೂ ಬರೀತಿದ್ರು" ಅಂದಳು.

ಅದಾದ ಮೇಲೆ ಅವ್ವ ತನ್ನ ಸುತ್ತು ಬಿಟ್ಟಿಲ್ಲ, ಆದರೆ ಟಿವಿ ಹತ್ತಿರ ಬಂದಾಗ ನಿಲ್ಲುತ್ತಾಳೆ. ಕೈ ಸ್ವಿಚ್ಚಿನ ಮೇಲೆ ಇರುತ್ತದೆ. ನಾನು ಕೋಣೆಯಲ್ಲಿ ಕಾಲು ಚಾಚಿ, ಚಾದರ ಎಳೆದುಕೊಂಡು, ಇನ್ನೇನು ಕಣ್ಣು ಹತ್ತಬೇಕು, ಆಗ ಕೂಗು ಬರುತ್ತದೆ.

"ಏ, ಆಟ ದೊಡ್ಡದು ಮಾಡಿದೇನೋ?"

"ತಡೀಬೇ, ಬಂದೆ" ಅಂತ ಏಳುತ್ತೇನೆ.