ಗೋಡೆ ಮೇಲೆ ಗೀಚಿದ್ದಕ್ಕೆ ನಕ್ಷತ್ರ

ಚಿಕ್ಕವನಿದ್ದಾಗ ಹೊಸದಾಗಿ ಸುಣ್ಣ ಬಳಿದ ಗೋಡೆ ಮೇಲೆ ಇದ್ದಿಲಿನಲ್ಲಿ ನಮ್ಮ ಲೆಕ್ಕದ ಮೇಷ್ಟ್ರ ಚಿತ್ರ ಬರೆದಿದ್ದೆ. ಅಮ್ಮ ಪೊರಕೆ ಹಿಡಿದು ಬಂದರು. ಲಂಡನ್ನಿನಲ್ಲಿ ಹುಟ್ಟಬೇಕಿತ್ತು ನಾನು.

ಸುಮ್ನೆ ಹೇಳುತ್ತಿಲ್ಲ. ಅಲ್ಲಿನ ಡೆನ್ಮಾರ್ಕ್ ಸ್ಟ್ರೀಟಿನಲ್ಲಿ 17ನೇ ಶತಮಾನದ ಒಂದು ಮನೆಯಿದೆ. ಅದರ ಹಿತ್ತಲ ಕಟ್ಟಡದಲ್ಲಿ 1970ರ ದಶಕದಲ್ಲಿ ಸೆಕ್ಸ್ ಪಿಸ್ಟಲ್ಸ್ ಎಂಬ ಪಂಕ್ (ಬಂಡಾಯದ, ಗದ್ದಲದ ರಾಕ್ ಸಂಗೀತ) ಬ್ಯಾಂಡಿನ ಹುಡುಗರು ಬಿಡಾರ ಹೂಡಿದ್ದರು. ಹಾಡುಗಾರ ಜಾನಿ ರಾಟನ್. ರಾಟನ್ ಅಂದರೆ ಕೊಳೆತದ್ದು; ಅವನ ಹಲ್ಲು ನೋಡಿ ಗೆಳೆಯರು ಇಟ್ಟ ಹೆಸರು. ಈತ ಗೋಡೆ ಮೇಲೆ ತನ್ನ ಬ್ಯಾಂಡಿನವರನ್ನು, ಮ್ಯಾನೇಜರನ್ನು ವಕ್ರವಕ್ರವಾಗಿ ಗೀಚಿದ. ಆ ಮನೆ ಮೊದಲೇ ಎರಡನೇ ದರ್ಜೆಯ ಸಂರಕ್ಷಿತ ಕಟ್ಟಡ. 2016ರಲ್ಲಿ ಗೀಚಿದ್ದಕ್ಕೆಂದೇ ದರ್ಜೆಗೆ ಒಂದು ನಕ್ಷತ್ರ ಸೇರಿತು, ಅಂದರೆ ಒಂದು ಮೆಟ್ಟಿಲು ಮೇಲೇರಿತು. ಮುನ್ನೂರು ವರ್ಷ ನಿಂತ ಇಟ್ಟಿಗೆಗೆ ಸಿಗದ ನಕ್ಷತ್ರ! ಈಗ ಅದನ್ನು ಒರೆಸಬೇಕಾದರೆ ಅರ್ಜಿ ಹಾಕಬೇಕು.

ಇದೇ ದೇಶ 1977ರಲ್ಲಿ ಅವರನ್ನು ಹೇಗೆ ನೋಡಿಕೊಂಡಿತ್ತು ಗೊತ್ತಾ? ಟಿವಿಯಲ್ಲಿ ಬಾಯಿಗೆ ಬಂದಂತೆ ಬೈದರೆಂದು ರೆಕಾರ್ಡ್ ಕಂಪನಿ ಇಎಂಐ ಹೊರಗಟ್ಟಿತು (ನಮ್ಮ ತಿಂಗಳ ಕಂತಿನ ಇಎಂಐ ಅಲ್ಲ). ಕೊಟ್ಟಿದ್ದ 40,000 ಪೌಂಡ್ ಮಾತ್ರ ಹುಡುಗರ ಬಳಿಯೇ ಉಳಿಯಿತು. ಆಮೇಲೆ ಎ ಅಂಡ್ ಎಂ ಕಂಪನಿ ಅರಮನೆಯ ಮುಂದೆ ಮೇಜು ಹಾಕಿ ಸಹಿ ಹಾಕಿಸಿಕೊಂಡಿತು. ಒಂದು ವಾರಕ್ಕೇ ಬೆದರಿ, 75,000 ಪೌಂಡ್ ಕೊಟ್ಟು ಕೈತೊಳೆದುಕೊಂಡಿತು. ಹಾಡಿದ್ದಕ್ಕಿಂತ ಹಾಡದೇ ಇದ್ದದ್ದಕ್ಕೇ ಜಾಸ್ತಿ ಸಂಪಾದನೆ! ರಾಣಿಯ ಬೆಳ್ಳಿಹಬ್ಬಕ್ಕೆ ಬಂದ, ರಾಣಿಯನ್ನೇ ಚುಚ್ಚುವ ಅವರ ಹಾಡನ್ನು ಬಿಬಿಸಿ ನಿಷೇಧಿಸಿತು. ಆದರೂ ಅದು ಹಾಡುಗಳ ಮಾರಾಟದ ಪಟ್ಟಿಯಲ್ಲಿ ಎರಡನೇ ಸ್ಥಾನಕ್ಕೇರಿತು. ಕೆಲವೆಡೆ ಪಟ್ಟಿಯಲ್ಲಿ ಹೆಸರು ಹಾಕಲು ಹೆದರಿ ಆ ಸಾಲನ್ನೇ ಖಾಲಿ ಬಿಟ್ಟರು.

ಬ್ಯಾಂಡ್ 1978ರ ಜನವರಿಯಲ್ಲೇ ಒಡೆಯಿತು. ಬಂಡಾಯದ ವ್ಯಾಪಾರ ಶುರುವಾದದ್ದೇ ಆಮೇಲೆ. 1996ರಲ್ಲಿ ಮತ್ತೆ ಒಂದಾಗಿ, ಊರೂರು ಸುತ್ತಿ ಹಾಡುವ ಯಾತ್ರೆಗೆ 'ಹೊಲಸು ದುಡ್ಡು' ಎಂಬರ್ಥದ ಹೆಸರನ್ನು ತಾವೇ ಇಟ್ಟರು. ಅಷ್ಟು ಪ್ರಾಮಾಣಿಕತೆ ಮೆಚ್ಚಲೇಬೇಕು. 2008ರಲ್ಲಿ ಕೊಳೆತ ಹಲ್ಲಿನ ಜಾನಿ ಜಮೀನ್ದಾರನ ಹಾಗೆ ಉಣ್ಣೆಯ ಸೂಟು ತೊಟ್ಟು ಟಿವಿಯಲ್ಲಿ ಬೆಣ್ಣೆ ಮಾರಿದ. ಯಾರಿಗೆ ಬೆಣ್ಣೆ ಹಚ್ಚಿದ ಅಂತ ಕೇಳಬೇಡಿ.

ಗೋಡೆಗೆ ನಕ್ಷತ್ರ ಸಿಕ್ಕ ವರ್ಷವೇ ಲಂಡನ್ನಿನಲ್ಲಿ ಪಂಕ್‌ಗೆ 40 ತುಂಬಿತೆಂದು ಉತ್ಸವ ನಡೆಯಿತು. ಬಂಡಾಯಕ್ಕೂ ಉತ್ಸವವೇ ಎಂದು ಬ್ಯಾಂಡಿನ ಮ್ಯಾನೇಜರ್ ಮೆಕ್‌ಲಾರೆನ್ ಮಗ ಜೋ ಕೋರೆಗೆ ಮೈಯೆಲ್ಲ ಉರಿಯಿತು. ಮನೆಯಲ್ಲಿದ್ದ ಪಂಕ್ ಕಾಲದ ಬಟ್ಟೆಬರೆಯನ್ನೆಲ್ಲ ಥೇಮ್ಸ್ ನದಿಯ ದೋಣಿಯೊಂದರಲ್ಲಿ ಸುಟ್ಟ. ಸುಡುವ ಮೊದಲು ಅದರ ಬೆಲೆ 50 ಲಕ್ಷ ಪೌಂಡ್ ಎಂದು ಸಾರಿದ್ದ. ಬೆಲೆ ಹೇಳದೆ ಸುಟ್ಟರೆ ಅದು ಬರೀ ಕಸ, ಅಲ್ವಾ?

ನನಗೆ ಎಲ್ಲಕ್ಕಿಂತ ಇಷ್ಟವಾದದ್ದು 2015ರ ಕ್ರೆಡಿಟ್ ಕಾರ್ಡು. ವರ್ಜಿನ್ ಮನಿ ಎಂಬ ಬ್ಯಾಂಕು ಕಾರ್ಡಿನ ಮೇಲೆ ಅವರ 'ಅನಾರ್ಕಿ ಇನ್ ದ ಯುಕೆ' ರೆಕಾರ್ಡಿನ ಚಿತ್ರ ಅಚ್ಚು ಹಾಕಿತು. ಅನಾರ್ಕಿ ಎಂದರೆ ಅರಾಜಕತೆ. ಕಾರ್ಡು ಉಜ್ಜಿ, ಪಿನ್ ಒತ್ತಿ, ಗಡುವಿನೊಳಗೆ ಬಾಕಿ ಕಟ್ಟಿ. ತಡವಾದರೆ ದಂಡ. 1977ರಲ್ಲಿ ಇಎಂಐ ಹೊರಗಟ್ಟಿದ ಹುಡುಗರು ಸುತ್ತಿ ಸುತ್ತಿ ಮತ್ತೆ ಇಎಂಐಗೇ ಬಂದು ಸೇರಿದರು. ಈ ಸಲದ್ದು ನಮ್ಮ ಇಎಂಐ.